ಎರಡು ನಿಮಿಷದ ಕಾಮಿಡಿ ಅನಿಮೇಷನ್ ಮಾಡ್ಬೇಕು, ಯಾವ ಸಾಫ್ಟ್‌ವೇರ್ ಒಳ್ಳೇದು? ಮ್ಯೂಸಿಕ್ ಕೊನೆಗೆ ಹಾಕಿದ್ರೆ ನಡೆಯುತ್ತಾ?

ನಡೆಯಲ್ಲ. ನಾನು ಹಂಗೇ ಮಾಡಿ ಆರು ತಿಂಗಳು ಕಳ್ಕೊಂಡಿದೀನಿ, ಅದಕ್ಕೇ ನಿಮ್ಮ ಪ್ರಶ್ನೆ ನೋಡಿದ ತಕ್ಷಣ ಬರೀತಿದೀನಿ.

ಕೋರ್ಸಿನ ಕೊನೇ ಪ್ರಾಜೆಕ್ಟು. ಅಜ್ಜಿ ಮನೆ ನೆಲುವಲ್ಲಿರೋ ಬೆಣ್ಣೆ ಗಡಿಗೆಗೆ ಬೆಕ್ಕು ಹಾರುತ್ತೆ, ತಪ್ಪಿ ಪಾತ್ರೆ ಸಾಲಿನ ಮೇಲೆ ಬೀಳುತ್ತೆ, ಅಷ್ಟೇ ಕಥೆ. ಇದಕ್ಕೆ ನಾನು ಮೂರು ಸಾಫ್ಟ್‌ವೇರ್ ಬದಲಾಯಿಸಿ, ಬೆಕ್ಕಿನ ಬಾಲ ಎಷ್ಟು ಸ್ಮೂತಾಗಿ ಅಲ್ಲಾಡ್ಬೇಕು ಅಂತ ವಾರಗಟ್ಟಲೆ ಕೂತು, ಎಲ್ಲಾ ಡ್ರಾಯಿಂಗ್ ಮುಗಿಸಿ ಆಮೇಲೆ ಮೃದಂಗ ನುಡಿಸೋ ಗೆಳೆಯನ ಹತ್ರ ಹೋದೆ. ಅವನು ಎರಡು ಸಲ ನೋಡಿ "ಲೋ, ಇದ್ರಲ್ಲಿ ತಾಳ ಎಲ್ಲಿದೆಯೋ, ನಾನು ಎಲ್ಲಿ ಹೊಡೀಲಿ?" ಅಂದ.

ತಪ್ಪು ಏನಂತ ಬಿಡಿಸಿ ಹೇಳ್ತೀನಿ. ಸೆಕೆಂಡಿಗೆ 24 ಫ್ರೇಮು, ಅಂದ್ರೆ 24 ಬಿಡಿ ಚಿತ್ರ. ಅವನ ಲಯದಲ್ಲಿ 12 ಫ್ರೇಮಿಗೊಂದು ಪೆಟ್ಟು. ನನ್ನ ಬೆಕ್ಕು ಪಾತ್ರೆ ಮೇಲೆ ಬೀಳೋದು ಪೆಟ್ಟಾದ 6 ಫ್ರೇಮ್ ನಂತರ, ಅಂದ್ರೆ ಕಾಲು ಸೆಕೆಂಡು ಲೇಟು, ಎರಡು ಪೆಟ್ಟಿನ ಸರಿಯಾಗಿ ನಡುವೆ. ಮ್ಯೂಸಿಕ್ ಮುಂದಕ್ಕೆ ತಳ್ಳಿದ್ರೆ ಇದು ಕೂರುತ್ತೆ, ಮುಂದಿನ ಜಿಗಿತ ತಪ್ಪುತ್ತೆ. 6 ಫ್ರೇಮ್ ಕತ್ತರಿಸಿದ್ರೆ ಬೀಳೋದೇ ಕಾಣಲ್ಲ, ಬೆಕ್ಕು ಗಾಳೀಲಿದ್ದದ್ದು ಸೀದಾ ನೆಲದಲ್ಲಿರುತ್ತೆ. ಹೊಸದಾಗಿ ಬರೆಯೋಕೆ ಟೈಮಿಲ್ಲ. ಹಂಗೇ ತೋರಿಸಿದೆ, ಒಬ್ರೂ ನಗಲಿಲ್ಲ, ಮುಂದಿನ ಬ್ಯಾಚ್ ಜೊತೆ ಮತ್ತೆ ಮಾಡ್ಬೇಕಾಯ್ತು.

ಆಗ ದಿನಾ ನೋಡಿದ್ದು 'ದಿ ಕ್ಯಾಟ್ ಕನ್ಸರ್ಟೋ', 1947ರ ಟಾಮ್ ಅಂಡ್ ಜೆರ್ರಿ. ಟಾಮ್ ಕೋಟು ಹಾಕ್ಕೊಂಡು ಸ್ಟೇಜ್ ಮೇಲೆ ಸಂಗೀತ ಸಂಯೋಜಕ ಫ್ರಾಂಜ್ ಲಿಸ್ಟ್‌ನ ಹಂಗೇರಿಯನ್ ರ‍್ಯಾಪ್ಸಡಿ ನಂ. 2 ಅನ್ನೋ ಪಿಯಾನೊ ಕೃತಿ ನುಡಿಸ್ತಾನೆ, ಪಿಯಾನೊ ಒಳಗೆ ಜೆರ್ರಿ ಮಲಗಿರ್ತಾನೆ. ಒಂದೂ ಮಾತಿಲ್ಲ. ಜೆರ್ರಿ ಒಂದೆರಡು ಕೀ ತೆಗೆದು ಆ ಜಾಗದಲ್ಲಿ ಇಲಿಬೋನು ಇಡ್ತಾನಲ್ಲ, ಟಾಮ್ ಬೆರಳು ಅದರ ಆ ಕಡೆ ಈ ಕಡೆ ನುಡಿಸ್ತಾ ತಪ್ಪಿಸ್ಕೊಳ್ತಾ ತಪ್ಪಿಸ್ಕೊಳ್ತಾ ಕೊನೆಗೆ ಸಿಕ್ಕಿಹಾಕ್ಕೊಳುತ್ತೆ. ಆ ತಪ್ಪಿಸ್ಕೊಳೋದಷ್ಟೂ ಸ್ವರದಲ್ಲೇ ಇದೆ, ಸಂಗೀತ ಮೊದ್ಲು, ಚಿತ್ರ ಅದರ ಹಿಂದೆ. ಇದರ ಇಬ್ಬರು ನಿರ್ದೇಶಕರಲ್ಲಿ ಜೋಸೆಫ್ ಬಾರ್ಬೆರಾ ಕಥೆ, ಸ್ಕೆಚ್ ನೋಡ್ಕೊಂಡ್ರೆ ವಿಲಿಯಂ ಹ್ಯಾನಾ ಟೈಮಿಂಗ್ ನೋಡ್ತಿದ್ರು, ಮ್ಯೂಸಿಕ್ಕಿಗೆ ಸ್ಕಾಟ್ ಬ್ರಾಡ್ಲಿ. ಟೈಮಿಂಗ್ ಅನ್ನೋದಕ್ಕೇ ನಿರ್ದೇಶಕರಲ್ಲಿ ಒಬ್ರು ಕೂತಿದ್ರು ಅನ್ನೋದನ್ನ ಗಮನಿಸಿ. ಇದಕ್ಕೆ ಆಸ್ಕರ್ ಬಂತು, ಆದ್ರೆ ಟಾಮ್ ಅಂಡ್ ಜೆರ್ರಿಯ 7 ಆಸ್ಕರ್‌ಗಳೂ ನಿರ್ಮಾಪಕ ಫ್ರೆಡ್ ಕ್ವಿಂಬಿ ಕೈಗೇ ಹೋದ್ವು, ನನಗೆ ಈಗ್ಲೂ ಹೊಟ್ಟೆ ಉರಿಯುತ್ತೆ.

ಅದಕ್ಕೇ ಯಾವ ಸಾಫ್ಟ್‌ವೇರ್ ಅನ್ನೋ ಪ್ರಶ್ನೆನೇ ಬಿಟ್ಬಿಡಿ, ಫ್ರೀ ಇರೋದು ಯಾವ್ದಾದ್ರೂ ಸಾಕು. ಮೊದ್ಲು ಮೃದಂಗನೋ ತಬಲಾನೋ ಬಾರ್ಸೋರನ್ನ ಹುಡುಕಿ, ಯಾರೂ ಸಿಗ್ಲಿಲ್ಲ ಅಂದ್ರೆ ಮೊಬೈಲಲ್ಲಿ ಮೆಟ್ರೊನೋಮ್ (ಒಂದೇ ಲಯದಲ್ಲಿ ಟಿಕ್ ಟಿಕ್ ಅನ್ನೋ ಆ್ಯಪ್) ಹಾಕ್ಕೊಂಡು ನೀವೇ ಚಪ್ಪಾಳೆ ತಟ್ಟಿ ಎರಡು ನಿಮಿಷ ರೆಕಾರ್ಡ್ ಮಾಡಿ. ಎಲ್ಲೆಲ್ಲಿ ಯಾರು ಬೀಳ್ಬೇಕೋ ಆ ಫ್ರೇಮ್ ನಂಬರು ಹಾಳೇಲಿ ಬರ್ಕೊಳ್ಳಿ. ಎರಡನೇ ಸಲ ನಾನು ಹಿಂಗೇ ಮಾಡಿದೆ, ಬಾಲ ಸ್ಮೂತಾಗೇನೂ ಇರಲಿಲ್ಲ, ಪಾತ್ರೆ ಬಿದ್ದ ತಕ್ಷಣ ಹಾಲ್‌ ಪೂರ್ತಿ ನಕ್ಕಿತು.