ಅದಿರು ಸರ್ಕಾರದ್ದಾದರೆ ಒಪ್ಪಿಗೆ ಯಾಕೆ?

ಪ್ರಶ್ನೆ: ನೆಲದೊಳಗಿನ ಅದಿರು ಸರ್ಕಾರದ್ದೇ ಅಲ್ವಾ? ಗಣಿಗೆ ಆದಿವಾಸಿಗಳ ಒಪ್ಪಿಗೆ ಯಾಕೆ ಬೇಕು?

ಉತ್ತರ: ಅದಿರು ತೆಗೆದರೆ ಮೇಲಿನ ಕಾಡು, ತೊರೆ, ದೇವರ ಜಾಗ ಎಲ್ಲವೂ ಹೋಗುತ್ತವೆ. ಅಲ್ಲೇ ಬದುಕುವವರನ್ನು ಕೇಳದೆ ಅಗೆಯುವುದು ಅನ್ಯಾಯ ಅಂತಲೇ ನಾನು ಹೇಳುತ್ತೇನೆ. ಒಡಿಶಾದ ನಿಯಮಗಿರಿಯನ್ನೇ ನೋಡಿ. ಅಲ್ಲಿನ ಆದಿವಾಸಿಗಳಾದ ಡೋಂಗ್ರಿಯಾ ಕೊಂಧರು ಆ ಬೆಟ್ಟದಲ್ಲಿ ನಿಯಮರಾಜನನ್ನು ಪೂಜಿಸುತ್ತಾರೆ. ಅಲ್ಲಿ ಬಾಕ್ಸೈಟ್ (ಅಲ್ಯೂಮಿನಿಯಂ ಅದಿರು) ಗಣಿ ಮಾಡಲು ಹೊರಟಾಗ, 2013ರಲ್ಲಿ ಸುಪ್ರೀಂ ಕೋರ್ಟ್ ವಿಷಯವನ್ನು ಗ್ರಾಮಸಭೆಗಳ ಮುಂದಿಡಿ ಎಂದಿತು. 2006ರ ಅರಣ್ಯ ಹಕ್ಕು ಕಾಯ್ದೆಯೇ ಅದಕ್ಕೆ ಆಧಾರ. ಜಿಲ್ಲಾ ನ್ಯಾಯಾಧೀಶರ ದರ್ಜೆಯ ಅಧಿಕಾರಿಯ ಎದುರಿಗೇ ಸಭೆಗಳು ನಡೆದವು. 12ಕ್ಕೆ 12 ಸಭೆಗಳೂ ಬೇಡ ಅಂದವು! 2014ರಲ್ಲಿ ಕೇಂದ್ರವೂ ಅನುಮತಿ ನಿರಾಕರಿಸಿತು.

ಸುಮ್ನೆ ಹಾಜರಿ ಪುಸ್ತಕಕ್ಕೆ ಹೆಬ್ಬೆಟ್ಟು ಒತ್ತಿಸಿಕೊಂಡರೆ ಅದು ಒಪ್ಪಿಗೆಯಲ್ಲ. ಮೊದಲೇ, ಅವರ ಭಾಷೆಯಲ್ಲೇ ಎಲ್ಲವನ್ನೂ ತಿಳಿಸಬೇಕು. ಬೇಡ ಅಂದರೆ ನಿಲ್ಲಿಸಬೇಕು.