ಫೋಟೋಶಾಪ್ ಪ್ಲಗಿನ್ ಕೊಳ್ಳುವ ಮುಂಚೆ ಟ್ರಯಲ್‌ನಲ್ಲಿ ಏನೇನು ನೋಡಬೇಕು?

ಗಂಗಾವತಿಯಲ್ಲಿ ಮದುವೆ ಫೋಟೋ ಮಾಡ್ತೀನಿ, ರಿಸೆಪ್ಷನ್ ಫೋಟೋಗಳ ನಾಯ್ಸ್ (ಕಡಿಮೆ ಬೆಳಕಲ್ಲಿ ಬರುವ ಕಾಳುಕಾಳು) ತೆಗೆಯೋಕೆ ಒಂದು, ಸ್ಕಿನ್ ಸ್ಮೂತ್ ಮಾಡೋಕೆ ಒಂದು ಪ್ಲಗಿನ್ (ಫೋಟೋಶಾಪ್ ಜೊತೆ ಸೇರಿಸುವ ಸಾಫ್ಟ್‌ವೇರ್) ಬೇಕು, ಹೇಗೆ ಆರಿಸಲಿ ಅಂತ ಕೇಳಿದ್ದೀರಿ.

ನಿಮ್ಮ ಹತ್ತಿರ ಅಡೋಬಿಯ ಫೋಟೋ ಸಾಫ್ಟ್‌ವೇರ್ ಲೈಟ್‌ರೂಮ್ ಕ್ಲಾಸಿಕ್ ಇದ್ದರೆ 2023ರಿಂದ ಅದರಲ್ಲೇ ಎಐ ಡಿನಾಯ್ಸ್ ಇದೆ ನೋಡ್ರಿ. ರಾ (ಕ್ಯಾಮೆರಾದ ಮೂಲ) ಫೈಲ್‌ಗೆ ಮೊದಲು ಅದನ್ನೇ ಹಾಕಿ. ಅದಕ್ಕಿಂತ ಎದ್ದು ಕಾಣುವಷ್ಟು ಚೆನ್ನಾಗಿ ಬಂದರೆ ಮಾತ್ರ ಇನ್ನೊಂದಕ್ಕೆ ದುಡ್ಡು ಹಾಕಿ.

ಕಂಪನಿಯವರ ಸ್ಯಾಂಪಲ್ ನಂಬಬೇಡಿ. ನಿಮ್ಮವೇ ಕಷ್ಟದ ಫೋಟೋ ಆರಿಸಿ: ಎಲ್‌ಇಡಿ ಬೆಳಕಲ್ಲಿ ಐಎಸ್‌ಒ 6400ಕ್ಕೆ ತೆಗೆದ ಸ್ಟೇಜ್ ಫೋಟೋ, ಅರಿಶಿನ ಶಾಸ್ತ್ರದ್ದು, ಆನೆಗೊಂದಿ ಬಂಡೆಗಳ ಮುಂದಿನ ಪ್ರಿ-ವೆಡ್ಡಿಂಗ್.

ಫೋಟೋಶಾಪಲ್ಲಿ ಮೂಲ ಫೋಟೋ ಕೆಳಗಿನ ಲೇಯರ್, ಪ್ಲಗಿನ್ ಹಾಕಿದ್ದು ಮೇಲೆ. ಮೇಲಿನದರ ಬ್ಲೆಂಡ್ ಮೋಡ್ ‘ಡಿಫರೆನ್ಸ್’ ಮಾಡಿ. ಪ್ಲಗಿನ್ ಬದಲಿಸಿದ್ದು ಮಾತ್ರ ಉಳಿದು ಸ್ಕ್ರೀನ್ ಹೆಚ್ಚುಕಡಿಮೆ ಕಪ್ಪಾಗುತ್ತದೆ. ಅದು ಎದ್ದು ಕಾಣಲು ಮೇಲೊಂದು ಲೆವೆಲ್ಸ್ (ಬೆಳಕು ಹೊಂದಿಸುವ ಲೇಯರ್) ಹಾಕಿ, ಬಲಗಡೆಯ ಬಿಳಿ ಸ್ಲೈಡರನ್ನು 255ರಿಂದ 30ರ ಹತ್ತಿರಕ್ಕೆ ಎಳೆಯಿರಿ. ಬರೀ ಕಾಳುಕಾಳಾಗಿ ಕಂಡರೆ ಹೋಗಿದ್ದು ನಾಯ್ಸ್ ಮಾತ್ರ. ಜರಿಯ ಗೆರೆ, ಹುಬ್ಬಿನ ಕೂದಲು ಕಂಡರೆ ಡೀಟೇಲ್ ಕೂಡ ಹೋಗಿದೆ. ಮುಖದ ಮೇಲೆ ಒಂದೇ ಬಣ್ಣ ಹರಡಿದ್ದರೆ ಮೈಬಣ್ಣವನ್ನೇ ಬದಲಿಸಿದೆ. ಕಪ್ಪು, ಗೋಧಿ ಮೈಬಣ್ಣದವರ ಫೋಟೋದಲ್ಲಿ ಇದನ್ನು ತಪ್ಪದೆ ನೋಡಿ. ತಿಳಿ ಬಣ್ಣ ಮಾಡುವ ಪ್ಲಗಿನ್ ನಾನಂತೂ ಕೊಳ್ಳೋದಿಲ್ಲ.

ಸ್ಕಿನ್ ಪ್ಲಗಿನ್‌ಗಳಲ್ಲಿ ಎಷ್ಟೋ ಚರ್ಮವನ್ನು ಬಣ್ಣದ ಮೇಲೆ ಗುರುತಿಸುತ್ತವೆ. ಹಾಗಾಗಿ ಅರಿಶಿನ, ಬಂಗಾರ, ಜರಿ, ಬಂಡೆ ಎಲ್ಲ ಮಾಸ್ಕ್ (ಪ್ಲಗಿನ್ ಕೆಲಸ ಮಾಡುವ ಜಾಗ) ಒಳಗೆ ಬಂದುಬಿಡುತ್ತವೆ, ಸರ ಮೇಣದ ಹಾಗೆ ಮೆತ್ತಗಾಗುತ್ತದೆ. ಮಾಸ್ಕ್ ತೆರೆದು ನೋಡಿ ಕೈಯಿಂದ ತಿದ್ದಲು ಬರದಿದ್ದರೆ ಅದು ಬೇಡ.

ಆಮೇಲೆ 50 ಫೋಟೋ ಬ್ಯಾಚ್ ಹಾಕಿ ಟೈಮ್ ನೋಡಿ. ಫೋಟೋಗೆ 20 ಸೆಕೆಂಡ್ ಹಿಡಿದರೂ 1500 ಫೋಟೋಗೆ 8 ಗಂಟೆ ಮೇಲಾಗುತ್ತದೆ. ಗ್ರಾಫಿಕ್ಸ್ ಕಾರ್ಡ್ ಇಲ್ಲದ ಲ್ಯಾಪ್‌ಟಾಪಲ್ಲಿ ಇನ್ನೂ ಹೆಚ್ಚು. ಲೈಟ್‌ರೂಮ್‌ನಿಂದ ಪ್ಲಗಿನ್‌ಗೆ 16 ಬಿಟ್ ಟಿಫ್ ಫೈಲ್ ಆಗಿ ಹೋದರೆ 24 ಮೆಗಾಪಿಕ್ಸೆಲ್ ಫೋಟೋ ಒಂದಕ್ಕೇ ಸುಮಾರು 144 ಎಂಬಿ, ಹಾರ್ಡ್‌ಡಿಸ್ಕ್ ಬೇಗ ತುಂಬುತ್ತದೆ. ಫೋಟೋಶಾಪಲ್ಲಿ ಸ್ಮಾರ್ಟ್ ಆಬ್ಜೆಕ್ಟ್ (ಮೂಲ ಫೋಟೋ ಹಾಗೇ ಉಳಿಸುವ ಲೇಯರ್) ಮೇಲೆ ಕೆಲಸ ಮಾಡುತ್ತದೋ ನೋಡಿ, ಮಾಡಿದರೆ ಸೆಟ್ಟಿಂಗ್ ಆಮೇಲೂ ಬದಲಿಸಬಹುದು.

ಕೊನೆಗೆ ಒಂದು 12×36 ಇಂಚಿನ ಆಲ್ಬಮ್ ಶೀಟ್ ನಿಮ್ಮ ಲ್ಯಾಬಲ್ಲೇ ಪ್ರಿಂಟ್ ಹಾಕಿಸಿ. ಸ್ಕ್ರೀನ್ ಮೇಲೆ 100% ಜೂಮಲ್ಲಿ ಕಾಣುವ ಸಣ್ಣ ನಾಯ್ಸ್ ಪ್ರಿಂಟಲ್ಲಿ ಹೆಚ್ಚಾಗಿ ಕಾಣೋದಿಲ್ಲ. ಪ್ಲಗಿನ್ ಪ್ರಮಾಣ ಅರ್ಧ ಇಟ್ಟರೆ ಸಾಕಾಗಬಹುದು.

ಲೈಸೆನ್ಸ್ ಎಷ್ಟು ಕಂಪ್ಯೂಟರಿಗೆ, ಮುಂದಿನ ಫೋಟೋಶಾಪ್‌ಗೆ ಮತ್ತೆ ದುಡ್ಡು ಕೊಡಬೇಕಾ ಅಂತಲೂ ಕೇಳಿಕೊಳ್ಳಿ.