ಇಂಜಿನ್ ಇಳಿಸುವ ಮೊದಲು ಒಂದು ಚೀಟಿ ಇಡಿ

ಪ್ರಶ್ನೆ: ನಮ್ಮ ಪೆಟ್ರೋಲ್ ಕಾರಿಗೆ 9 ವರ್ಷ. 62,000 ಕಿ.ಮೀ. ಓಡಿದೆ. ಸಿಗ್ನಲ್‌ನಲ್ಲಿ ನಿಂತರೆ ನಡುಗುತ್ತದೆ, ಬಾನೆಟ್ ಒಳಗಿನಿಂದ ಸುಯ್ ಅಂತ ಸದ್ದು. ಆಯಿಲ್ ಬೇಗ ಇಳಿಯುತ್ತದೆ. ಗ್ಯಾರೇಜ್‌ನವರು "ರಿಂಗ್ ಹೋಗಿದೆ, ಇಂಜಿನ್ ಇಳಿಸಬೇಕು" ಅನ್ನುತ್ತಿದ್ದಾರೆ. ಕಾರು ಓಡುವುದು ಮನೆಯಿಂದ 3 ಕಿ.ಮೀ. ದೂರದ ಶಾಲೆಗೆ ಮಾತ್ರ.
– ಒಬ್ಬ ಟೀಚರ್, ಬನಶಂಕರಿ

ಉತ್ತರ: ಸ್ವಲ್ಪ ತಡೆಯಿರಿ ಮೇಡಂ, ಈಗಲೇ ಹೂಂ ಅನ್ನಬೇಡಿ. ಆಯಿಲ್ ಇಳಿದರೆ ಸಾಕು, ಎಲ್ಲರೂ ಪಿಸ್ಟನ್ ಸುತ್ತ ಬಿಗಿಯಾಗಿ ಕೂರುವ ರಿಂಗ್ ಮೇಲೆ ಗೂಬೆ ಕೂರಿಸುತ್ತಾರೆ. ನಾನು ಮೊದಲು ನೋಡುವುದು ಪಿಸಿವಿ ವಾಲ್ವ್. ಪಿಸ್ಟನ್ ಪಕ್ಕದಿಂದ ನುಸುಳಿ ಕೆಳಗಿಳಿದ ಗ್ಯಾಸನ್ನು ಮತ್ತೆ ಇಂಜಿನ್‌ಗೇ ಕಳಿಸಿ ಸುಡಿಸುವ ಚಿಕ್ಕ ಸಾಮಾನು ಅದು.

ನನ್ನ ಕಿವಿ ನೆಟ್ಟಗಾಗಿದ್ದು ಆ 'ಸುಯ್' ಸದ್ದಿಗೆ. ವಾಲ್ವ್ ತೆರೆದೇ ಕೂತರೆ ಗಾಳಿ ಜಾಸ್ತಿ ನುಗ್ಗುತ್ತದೆ, ಜೊತೆಗೆ ಆಯಿಲನ್ನೂ ಎಳೆದುಕೊಳ್ಳುತ್ತದೆ. ನಡುಕವೂ ಅದರಿಂದಲೇ. ಮುಚ್ಚಿಕೊಂಡು ಕೂತರೆ ಬೇರೆ ಕಥೆ: ಒಳಗೆ ಒತ್ತಡ ಏರಿ ಸೀಲ್‌ಗಳಲ್ಲಿ ಆಯಿಲ್ ಜಿನುಗುತ್ತದೆ. ಮಲ್ಲೇಶ್ವರದಿಂದ ಬಂದಿದ್ದ ಒಂದು ಕಾರಿನಲ್ಲಿ ಡಿಪ್‌ಸ್ಟಿಕ್ಕೇ ಕುಕ್ಕರ್ ವೆಯ್ಟ್ ಥರ ಮೇಲೆದ್ದಿತ್ತು!

ಮನೆಯಲ್ಲೇ ನೋಡಿ. ಇಂಜಿನ್ ಬಿಸಿಯಾದ ಮೇಲೆ ಐಡ್ಲಿಂಗ್‌ನಲ್ಲಿ ಬಿಟ್ಟು, ಆಯಿಲ್ ಹಾಕುವ ಮುಚ್ಚಳ ನಿಧಾನವಾಗಿ ತೆಗೆಯಿರಿ. ಸೆರಗು ಸಿಕ್ಕಿಸಿಕೊಳ್ಳಿ, ಪಕ್ಕದಲ್ಲೇ ಬೆಲ್ಟ್ ತಿರುಗುತ್ತಿರುತ್ತದೆ. ಆ ಬಾಯಿಯ ಮೇಲೆ ಹಳೇ ಕರೆಂಟ್ ಬಿಲ್ ಇಡಿ. ಕಾಗದ ಮೆಲ್ಲಗೆ ಅಂಟಿಕೊಂಡರೆ ಸಾಮಾನ್ಯವಾಗಿ ಸರಿಯಿದೆ ಅಂತ. ಮುಚ್ಚಳವೇ ಬಿಗಿಯಾಗಿ ಹಿಡಿದುಕೊಂಡು, ತೆಗೆದ ಕೂಡಲೇ ಸುಯ್ ಸದ್ದು ನಿಂತರೆ ವಾಲ್ವ್ ತೆರೆದೇ ಇದೆ, ಇಲ್ಲವೇ ಅದರೊಳಗಿನ ರಬ್ಬರ್ ಹರಿದಿದೆ. ಕಾಗದ ಪಟಪಟ ಹಾರಿದರೆ ವಾಲ್ವ್ ಮುಚ್ಚಿರಬಹುದು, ರಿಂಗೂ ಇರಬಹುದು.

ಹಾಗೇ ಮುಚ್ಚಳದ ಒಳಭಾಗ ನೋಡಿ. ಬೆಣ್ಣೆ ಮೆತ್ತಿದ ಹಾಗಿದ್ದರೆ ಅದು ನಿಮ್ಮ 3 ಕಿ.ಮೀ. ಓಡಾಟದ ಫಲ. ಇಂಜಿನ್ ಪೂರ್ತಿ ಕಾಯುವಷ್ಟರಲ್ಲಿ ಶಾಲೆ ಬಂದುಬಿಡುತ್ತೆ, ಅಲ್ವಾ? ಒಳಗಿನ ನೀರಿನ ಪಸೆ ಆರುವುದೇ ಇಲ್ಲ. ಅದು ಆಯಿಲ್ ಜೊತೆ ಸೇರಿ ಜಿಡ್ಡಾಗಿ ವಾಲ್ವನ್ನು ಹಿಡಿಯುತ್ತದೆ. ಆದರೆ ಕೂಲೆಂಟೂ ಕಡಿಮೆಯಾಗುತ್ತಿದ್ದರೆ ಕಾರು ಓಡಿಸಬೇಡಿ, ಕೂಲೆಂಟೇ ಆಯಿಲ್‌ಗೆ ಸೇರುತ್ತಿರಬಹುದು; ಮೊದಲು ಇಂಜಿನ್ ತಲೆಭಾಗದ ಸೀಲ್, ಅಂದರೆ ಹೆಡ್ ಗ್ಯಾಸ್ಕೆಟ್ ನೋಡಿಸಿ.

ವಾಲ್ವ್ ಹಾಕಿಸುವಾಗ ಅದರ ಪೈಪನ್ನೂ ಬದಲಾಯಿಸಿ. ಕೆಲವು ಕಾರುಗಳಲ್ಲಿ ವಾಲ್ವ್ ಇಂಜಿನ್ ಮೇಲಿನ ಕವರ್‌ಗೇ ಸೇರಿರುತ್ತದೆ, ಆಗ ಖರ್ಚು ಜಾಸ್ತಿ. ಬಿಡಿಯಾಗಿ ಸಿಗುವಂಥದ್ದಾದರೆ ಜೆ.ಸಿ. ರೋಡಿನ ಸ್ಪೇರ್ ಪಾರ್ಟ್ಸ್ ಅಂಗಡಿಗಳಿಗೆ ಹಳೇದನ್ನು ಕೈಯಲ್ಲಿ ಹಿಡಿದೇ ಹೋಗಿ. ಆಮೇಲೂ ಆಯಿಲ್ ಇಳಿದರೆ ಸಿಲಿಂಡರ್ ಒಳಗಿನ ಒತ್ತಡ ಅಳೆಯುವ ಕಂಪ್ರೆಷನ್ ಟೆಸ್ಟ್ ಮಾಡಿಸಿ. ಇಂಜಿನ್ ಇಳಿಸುವ ಮಾತು ಆಗ ನೋಡೋಣ.